ಭಾನುವಾರ ಆರೂವರೆಗೆ ಇಸೊನೊ ಅವರ ಮನೆಯಲ್ಲಿ

ಸೌದೆ ಸಾಲಲಿಲ್ಲವೆಂದು ಬಾಡಿಗೆ ಮನೆಯ ಮರದ ಬೇಲಿಗೇ ಗರಗಸ ಹಾಕಿದವನನ್ನು ಯಾವ ಮಾಲೀಕ ತಾನೇ ಇಟ್ಟುಕೊಂಡಾನು? ಟೋಕಿಯೊದ ಕಚೇರಿ ನೌಕರ ಮಾಸುವೊ ಫುಗುತಾ ಆ ಕೆಲಸ ಮಾಡಿ, ಅಂದೇ ಮನೆ ಖಾಲಿ ಮಾಡಬೇಕಾಗಿ ಬಂತು. ಎರಡನೇ ಮಹಾಯುದ್ಧ ಮುಗಿದು ಹೆಚ್ಚು ಕಾಲವಾಗಿರಲಿಲ್ಲ. ಬಾಂಬಿಗೆ ಸುಟ್ಟುಹೋದ ಊರಿನಲ್ಲಿ ಇನ್ನೊಂದು ಬಾಡಿಗೆ ಮನೆ ಹುಡುಕುವುದು ಸುಲಭವಿರಲಿಲ್ಲ. ಹೆಂಡತಿ ಸಜಾಯೆಯನ್ನು ಕರೆದುಕೊಂಡು ಅವನು ಮಾವನ ಮನೆಗೆ ಬಂದ. ಬಂದವನು ಅಲ್ಲೇ ಉಳಿದ, ಇಂದಿಗೂ ಅಲ್ಲೇ ಇದ್ದಾನೆ.

ಮಾಸುವೊ ವ್ಯಂಗ್ಯಚಿತ್ರದ ಪಾತ್ರ. ಅವನು ಸೇರಿಕೊಂಡ ಇಸೊನೊ ಕುಟುಂಬವೂ ಹಾಗೆಯೇ. ಆದರೆ ಜಪಾನಿನಲ್ಲಿ ಈ ಕುಟುಂಬವನ್ನು ಅರಿಯದವರು ಸಿಗುವುದು ಕಷ್ಟ. 1946ರಲ್ಲಿ ಪತ್ರಿಕೆಯ ಮೂಲೆಯಲ್ಲಿ ಶುರುವಾದ ‘ಸಜಾಯೆ-ಸಾನ್’ 1969ರ ಅಕ್ಟೋಬರ್ 5ರಂದು ಫುಜಿ ಟಿವಿಗೆ ಬಂತು. ಅಂದಿನಿಂದ ಪ್ರತಿ ಭಾನುವಾರ ಸಂಜೆ ಆರೂವರೆಗೆ ಅದು ಪ್ರಸಾರವಾಗುತ್ತಿದೆ. ಅತಿ ದೀರ್ಘಕಾಲ ನಡೆದ ಆನಿಮೇಷನ್ ಧಾರಾವಾಹಿ ಎಂದು 2013ರಲ್ಲಿ ಗಿನ್ನೆಸ್ ದಾಖಲೆಗೂ ಸೇರಿತು. ಅಮೆರಿಕದ ‘ದಿ ಸಿಂಪ್ಸನ್ಸ್’ ಅರ್ಧ ಗಂಟೆಯ ಧಾರಾವಾಹಿಯಾದದ್ದು 1989ರ ಡಿಸೆಂಬರಿನಲ್ಲಿ, ಅಂದರೆ ಇದಾದ ಇಪ್ಪತ್ತು ವರ್ಷಗಳ ಮೇಲೆ.

ಮನೆಯಲ್ಲಿರುವವರು ಏಳು ಮಂದಿ ಮತ್ತು ತಾಮಾ ಎಂಬ ಬಿಳಿ ಬೆಕ್ಕು. ಯಜಮಾನ ನಾಮಿಹೇಗೆ 54 ವರ್ಷ, ನೆತ್ತಿಯ ಮೇಲೆ ಒಂದೇ ಒಂದು ಕೂದಲು. ಅವನ ಹೆಂಡತಿ ಫುನೆ ತಾಳ್ಮೆಯ ಹೆಂಗಸು. ಹಿರಿಮಗಳು ಸಜಾಯೆಗೆ 24. ಅಂಗಡಿ ತಲುಪಿದ ಮೇಲೆ ಪರ್ಸು ನೆನಪಾಗುವ, ಯೋಚಿಸುವ ಮೊದಲೇ ಮಾತಾಡಿಬಿಡುವ ಹೆಂಗಸು ಅವಳು. ಅವಳ ಗಂಡನೇ ಮಾಸುವೊ, ಅವರ ಮಗ ಮೂರು ವರ್ಷದ ತಾರಾ. ಈ ತಾರಾನ ಸೋದರಮಾವ ಕತ್ಸುವೊ ಐದನೇ ಕ್ಲಾಸಿನ ತುಂಟ, ಚಿಕ್ಕಮ್ಮ ವಕಾಮೆ ಮೂರನೇ ಕ್ಲಾಸಿನ ಹುಡುಗಿ. ತಾಯಿ ಮಗಳು ಹೆಚ್ಚುಕಡಿಮೆ ಒಂದೇ ಕಾಲದಲ್ಲಿ ಮಕ್ಕಳನ್ನು ಸಾಕುತ್ತಿದ್ದ ಇಂಥ ಮನೆಗಳನ್ನು ನಮ್ಮ ಅಜ್ಜಿಯರ ತಲೆಮಾರು ಚೆನ್ನಾಗಿ ಬಲ್ಲದು. ಎಲ್ಲರ ಹೆಸರೂ ಸಮುದ್ರದ್ದು: ಸಜಾಯೆ ಒಂದು ಜಾತಿಯ ಸುರುಳಿ ಚಿಪ್ಪಿನ ಜೀವಿ, ಕತ್ಸುವೊ ಒಂದು ಮೀನು, ವಕಾಮೆ ಕಡಲಪಾಚಿ. ಅಪ್ಪನ ಹೆಸರಿನಲ್ಲಿ ಅಲೆ ಇದೆ, ಅಮ್ಮನ ಹೆಸರೇ ದೋಣಿ.

ಹೆಸರುಗಳು ಸಮುದ್ರದಿಂದ ಬರಲು ಕಾರಣ ಫುಕುವೊಕಾ ನಗರದ ಮೊಮೊಚಿ ಕಡಲತೀರ. ಇವರನ್ನೆಲ್ಲ ಸೃಷ್ಟಿಸಿದ ವ್ಯಂಗ್ಯಚಿತ್ರಕಾರ್ತಿ ಮಾಚಿಕೊ ಹಾಸೆಗಾವಾ ಅವರಿಗೆ ಈ ಪಾತ್ರಗಳು ಹೊಳೆದದ್ದು ಅಲ್ಲಿ ಅಡ್ಡಾಡುವಾಗ. ಆಗ ಅವರಿಗೆ 26 ವರ್ಷ. ಹೊಸದಾಗಿ ಆರಂಭವಾದ ‘ಫುಕುನಿಚಿ’ ಎಂಬ ಸ್ಥಳೀಯ ಸಂಜೆ ಪತ್ರಿಕೆ ನಾಲ್ಕು ಚೌಕದ ವ್ಯಂಗ್ಯಚಿತ್ರ ಬೇಕೆಂದು ಕೇಳಿತ್ತು. ಮೊದಲ ಕಂತು 1946ರ ಏಪ್ರಿಲ್ 22ರಂದು ಅಚ್ಚಾಯಿತು. ಅದಕ್ಕೆ ಹನ್ನೆರಡು ದಿನ ಮೊದಲು, ಏಪ್ರಿಲ್ 10ರಂದು, ಜಪಾನಿನ ಹೆಂಗಸರು ಮೊದಲ ಬಾರಿಗೆ ಸಾರ್ವತ್ರಿಕ ಚುನಾವಣೆಯಲ್ಲಿ ಮತ ಹಾಕಿ 39 ಮಹಿಳೆಯರನ್ನು ಸಂಸತ್ತಿಗೆ ಕಳಿಸಿದ್ದರು. ಜೋರು ಬಾಯಿಯ, ಯಾರಿಗೂ ಜಗ್ಗದ ನಾಯಕಿಯೊಬ್ಬಳು ಪತ್ರಿಕೆಗೆ ಕಾಲಿಡಲು ಅದಕ್ಕಿಂತ ಒಳ್ಳೆಯ ಗಳಿಗೆ ಇರಲಿಲ್ಲ.

ಈ ಚಿತ್ರಮಾಲೆಯನ್ನು ಇಂದು ಜಪಾನೀಯರು ‘ಹಳೆಯ ಕಾಲದ ಕುಟುಂಬ’ ಎಂದು ನೋಡುತ್ತಾರೆ. ಮೂರು ತಲೆಮಾರು ಒಂದೇ ಸೂರಿನಡಿ, ಎಲ್ಲರೂ ಒಟ್ಟಿಗೆ ಕೂತು ಊಟ. ಅದು ಸಂಪ್ರದಾಯದ ಚಿತ್ರವೆಂದೇ ನಂಬಿಕೆ. ಇತಿಹಾಸ ಬೇರೆಯೇ ಹೇಳುತ್ತದೆ. ಹಳೆಯ ಪದ್ಧತಿಯಲ್ಲಿ ಮದುವೆಯಾದ ಹೆಣ್ಣು ಗಂಡನ ಮನೆಯವಳು. ಗಂಡನೇ ಹೆಣ್ಣಿನ ಮನೆಗೆ ಬಂದು ನೆಲೆಸುವುದಾದರೆ ಆ ಮನೆಯ ಹೆಸರನ್ನು ತೆಗೆದುಕೊಂಡು ದತ್ತುಮಗನಂತೆ ಆಗಬೇಕಿತ್ತು. ಮಾಸುವೊ ಇವೆರಡೂ ಅಲ್ಲ. ಅವನು ತನ್ನ ಫುಗುತಾ ಹೆಸರನ್ನೇ ಇಟ್ಟುಕೊಂಡು ಇಸೊನೊ ಮನೆಯ ಅಳಿಯನಾಗಿ ಉಳಿದವನು. ಸಜಾಯೆಯೂ ಫುಗುತಾ ಹೆಸರಿನವಳು, ವಾಸ ಮಾತ್ರ ತವರಿನಲ್ಲಿ. ಯಜಮಾನನ ಮಾತೇ ಕಾನೂನಾಗಿದ್ದ ಹಳೆಯ ಮನೆತನ ಪದ್ಧತಿಯನ್ನು 1947ರಲ್ಲಿ ತಿದ್ದಿದ ನಾಗರಿಕ ಸಂಹಿತೆ ತೆಗೆದುಹಾಕಿತು. ಅದು 1948ರ ಜನವರಿಯಿಂದ ಜಾರಿಗೆ ಬಂತು. ಯುದ್ಧ ಮುಗಿದಾಗ ದೇಶದಲ್ಲಿ ಸುಮಾರು 42 ಲಕ್ಷ ಮನೆಗಳ ಕೊರತೆಯಿತ್ತು. ಅಂದರೆ ಈ ‘ಸಾಂಪ್ರದಾಯಿಕ’ ಕುಟುಂಬ ಹೊಸ ಕಾನೂನು ಮತ್ತು ಮನೆಯ ಅಭಾವ ಎರಡೂ ಸೇರಿ ಹುಟ್ಟಿಸಿದ ತಾತ್ಕಾಲಿಕ ಏರ್ಪಾಡು. ಅದರ ಆಕರ್ಷಣೆಯ ಗುಟ್ಟೂ ಅಲ್ಲೇ ಇದೆ. ಅಲ್ಲಿ ಅತ್ತೆ ಸೊಸೆಯರ ಜಗಳವಿಲ್ಲ, ಏಕೆಂದರೆ ಅಡುಗೆಮನೆಯಲ್ಲಿ ಇರುವವರು ತಾಯಿ ಮತ್ತು ಮಗಳು. ಮಾವ ಅಳಿಯ ಇಬ್ಬರೂ ಸಂಜೆ ಕೆಲಸ ಬಿಟ್ಟು ಒಟ್ಟಿಗೆ ಸಾಕೆ ಕುಡಿದು ತೂರಾಡುತ್ತ ಬರುತ್ತಾರೆ, ಬಾಗಿಲಲ್ಲಿ ಬೈಗುಳ ಕಾದಿರುತ್ತದೆ. ಹೆಂಡತಿಯ ತವರಿನಲ್ಲಿ ಇರುವ ಗಂಡಸರನ್ನು ಜಪಾನಿನಲ್ಲಿ ಈಗಲೂ ‘ಮಾಸುವೊ-ಸಾನ್’ ಎಂದೇ ಕರೆಯುತ್ತಾರೆ. ಅದರಲ್ಲಿ ಲೇವಡಿ ಇದೆ, ಸ್ವಲ್ಪ ಅಸೂಯೆಯೂ ಇದೆ.

ಇಷ್ಟು ತುಂಬಿದ ಮನೆಯನ್ನು ಬರೆದವರ ಸ್ವಂತ ಮನೆ ಹೇಗಿತ್ತು?

ಮಾಚಿಕೊ ಹುಟ್ಟಿದ್ದು 1920ರ ಜನವರಿ 30ರಂದು, ಸಾಗಾ ಪ್ರಾಂತ್ಯದಲ್ಲಿ. ಮೂವರು ಹೆಣ್ಣುಮಕ್ಕಳಲ್ಲಿ ಅವರು ನಡುವಿನವರು. ಹದಿಮೂರನೇ ವಯಸ್ಸಿಗೆ ತಂದೆ ತೀರಿಕೊಂಡರು. ತಾಯಿ ಮಕ್ಕಳನ್ನು ಕಟ್ಟಿಕೊಂಡು ಟೋಕಿಯೊಗೆ ಬಂದರು. ‘ನೊರಾಕುರೊ’ ಎಂಬ ಕರಿನಾಯಿಯ ಚಿತ್ರಕಥೆಯಿಂದ ಮನೆಮಾತಾಗಿದ್ದ ಸುಯಿಹೊ ತಾಗಾವಾ ಅವರ ಬಳಿ ಮಾಚಿಕೊ ಶಿಷ್ಯೆಯಾದರು, ಹದಿನೈದು ತುಂಬುವ ಹೊತ್ತಿಗೆ ಅವರ ಚಿತ್ರ ಅಚ್ಚಾಗಿತ್ತು. ಅಕ್ಕ ಮಾರಿಕೊ ಅವರ ಗಂಡ ಮದುವೆಯಾದ ಸ್ವಲ್ಪ ಕಾಲಕ್ಕೇ ಸೇನೆಗೆ ಕರೆಬಂದು ಹೋಗಿ, ನಮ್ಮ ದೇಶದ ಇಂಫಾಲದ ಕಡೆ ನಡೆದ ಕದನದಲ್ಲಿ ಮಡಿದರು. ಮಾಚಿಕೊ ಮದುವೆಯಾಗಲೇ ಇಲ್ಲ. ಊಟದ ಮೇಜಿನ ತುದಿಯಲ್ಲಿ ಕೂತು ಕತ್ಸುವೊನನ್ನು ಗದರುವ ನಾಮಿಹೇಯನ್ನು ಬರೆದದ್ದು, ತಂದೆಯಿಲ್ಲದ, ಗಂಡಸರೇ ಇಲ್ಲದ ಒಂದು ಮನೆಯಲ್ಲಿ ಕೂತ ಹುಡುಗಿ.

ಆ ಮನೆಯ ಹೆಂಗಸರ ಧೈರ್ಯ ಸಾಮಾನ್ಯದ್ದಲ್ಲ. ನಡುವೆ ಫುಕುವೊಕಾಗೆ ಬಂದು ನೆಲೆಸಿದ್ದ ಅವರು, ಟೋಕಿಯೊಗೆ ಮರಳಿ ಪುಸ್ತಕ ಮಾಡಬೇಕೆಂದು ಅಲ್ಲಿನ ಮನೆಯನ್ನೇ ಮಾರಿದರು. ಊರು ಬಿಡಬೇಕಾದ್ದರಿಂದ ಮಾಚಿಕೊ ಪತ್ರಿಕೆಯಲ್ಲಿ ಸಜಾಯೆಗೆ ಮದುವೆ ಮಾಡಿಸಿ ಕಥೆಗೆ ಮಂಗಳ ಹಾಡಿದ್ದೂ ಆಗಿತ್ತು. ಅಕ್ಕತಂಗಿಯರು ‘ಶಿಮಾಯಿಶಾ’ ಎಂಬ ಪ್ರಕಾಶನ ತೆರೆದು ಮೊದಲ ಸಂಪುಟವನ್ನು ಅಡ್ಡಗಲದ ದೊಡ್ಡ ಆಕಾರದಲ್ಲಿ ಅಚ್ಚು ಹಾಕಿಸಿದರು. ಪುಸ್ತಕದಂಗಡಿಯ ಕಪಾಟಿಗೆ ಅದು ಹೊಂದಲಿಲ್ಲ, ಕಟ್ಟುಗಳು ಹಿಂದಕ್ಕೆ ಬಂದವು. ಎರಡನೆಯದನ್ನು ಚಿಕ್ಕ ಗಾತ್ರಕ್ಕೆ ಇಳಿಸಿದ ಮೇಲೆ ಮಾರಾಟ ಕುದುರಿತು, ವಾಪಸು ಬಂದಿದ್ದ ಮೊದಲ ಸಂಪುಟಕ್ಕೂ ಬೇಡಿಕೆ ಬಂತು. ಮುಂದೆ ಆ ಸರಣಿ 68 ಸಂಪುಟಗಳವರೆಗೆ ಬೆಳೆಯಿತು. ಮದುವೆ ಮಾಡಿ ಕಳಿಸಿದ್ದ ಸಜಾಯೆ ಓದುಗರ ಒತ್ತಾಯಕ್ಕೆ ಮರಳಿದಳು. 1951ರಿಂದ ‘ಅಸಾಹಿ ಶಿಂಬುನ್’ ದಿನಪತ್ರಿಕೆಯ ಬೆಳಗಿನ ಆವೃತ್ತಿಯಲ್ಲಿ ನೆಲೆಯಾದ ಅವಳು 1974ರ ಫೆಬ್ರವರಿ 21ರವರೆಗೆ ಅಲ್ಲಿದ್ದಳು.

ಪತ್ರಿಕೆಯ ಸಜಾಯೆ ಮತ್ತು ಟಿವಿಯ ಸಜಾಯೆ ಬೇರೆ ಬೇರೆ ಎಂಬುದನ್ನು ಇಲ್ಲಿ ಹೇಳಲೇಬೇಕು. ಪತ್ರಿಕೆಯವಳು ಅಂದಂದಿನ ಸುದ್ದಿಯ ಜೊತೆ ಬದುಕುತ್ತಿದ್ದಳು. ಪಡಿತರದ ಸಾಲು, ಕಾಳಸಂತೆಯ ಅಕ್ಕಿ, ರಸ್ತೆಯಲ್ಲಿ ಅಡ್ಡಾಡುವ ಅಮೆರಿಕನ್ ಸೈನಿಕರು. ಆಮೇಲೆ ಬೆಲೆಯೇರಿಕೆ, ಮುಷ್ಕರ, ಕಾರ್ಖಾನೆಯ ಹೊಗೆ ಎಲ್ಲವೂ ಆ ನಾಲ್ಕು ಚೌಕಗಳಲ್ಲಿ ಬಂದಿವೆ. ಕೆಲವು ಚಿತ್ರಗಳ ನಗೆ ಕಹಿಯಾಗಿಯೂ ಇದೆ. ಟಿವಿಯವರು ಶುರುವಿನಲ್ಲಿ ‘ಟಾಮ್ ಅಂಡ್ ಜೆರಿ’ಯ ಧಾಟಿಯ ಓಟ, ಬೀಳಾಟ, ಗದ್ದಲ ತಂದರು. ವರ್ಷ ಕಳೆದಂತೆ ಗದ್ದಲ ತಗ್ಗಿತು, ಕಹಿ ಪೂರ್ತಿ ಹೋಯಿತು. ಉಳಿದದ್ದು ವಾರಕ್ಕೆ ಮೂರು ಪುಟ್ಟ ಕಥೆ. ಕತ್ಸುವೊ ಕಡಿಮೆ ಅಂಕ ಬಂದ ಉತ್ತರಪತ್ರಿಕೆ ಬಚ್ಚಿಡುತ್ತಾನೆ, ಮಾಸುವೊ ಹೇಳದೆ ಏನೋ ಕೊಂಡು ತರುತ್ತಾನೆ, ಸಜಾಯೆ ಅರ್ಧ ಕೇಳಿಸಿಕೊಂಡ ಮಾತಿನಿಂದ ರಾದ್ಧಾಂತ ಮಾಡುತ್ತಾಳೆ. ನೋಡುವವರಿಗೆ ಮುಂದೇನಾಗುತ್ತದೆಂದು ಗೊತ್ತಿರುತ್ತದೆ, ಗೊತ್ತಿದ್ದೇ ನೋಡುತ್ತಾರೆ.

ಇನ್ನೊಂದು ವಿಚಿತ್ರ ಕಾಲದ್ದು. ಈ ಮನೆಯಲ್ಲಿ ಋತುಗಳು ತಪ್ಪದೆ ಬರುತ್ತವೆ. ವಸಂತಕ್ಕೆ ಚೆರಿ ಹೂ, ಬೇಸಿಗೆಗೆ ಕಲ್ಲಂಗಡಿ, ಚಳಿಗಾಲಕ್ಕೆ ಕಾಲು ಚಾಚಿ ಕೂರುವ ಬಿಸಿ ಮೇಜು. ಹೊಸ ವರ್ಷ ಬರುತ್ತದೆ, ಹೊಸ ವಯಸ್ಸು ಮಾತ್ರ ಬರುವುದಿಲ್ಲ. ಪಡಸಾಲೆಯಲ್ಲಿ ಇನ್ನೂ ಬೆರಳಿಟ್ಟು ತಿರುಗಿಸುವ ಕಪ್ಪು ಫೋನು. ನಾಮಿಹೇಯ 54ಕ್ಕೂ ಒಂದು ಹಿನ್ನೆಲೆ ಇದೆ. ಧಾರಾವಾಹಿ ಶುರುವಾದಾಗ ಜಪಾನಿನ ಕಂಪನಿಗಳಲ್ಲಿ ನಿವೃತ್ತಿ ವಯಸ್ಸು ಸಾಮಾನ್ಯವಾಗಿ 55. ಅಂದರೆ ಅವನು ನಿವೃತ್ತಿಯ ಹೊಸ್ತಿಲಲ್ಲೇ ಐದು ದಶಕಗಳಿಂದ ನಿಂತಿದ್ದಾನೆ. ಈಗಿನ 54ರ ಗಂಡಸರು ಅವನನ್ನು ನೋಡಿ ಬೆಚ್ಚುವುದು ಸಹಜ.

ತಮಾಷೆಯೆಂದರೆ, ಏನೂ ಹಳತಾಗದ ಈ ಮನೆಗೆ ಹಣ ಹಾಕುತ್ತಿದ್ದುದು ಹೊಸದನ್ನು ಮಾರುವ ತೊಷಿಬಾ ಕಂಪನಿ. ಮೊದಲ ಸುಮಾರು ಮೂರು ದಶಕ ಅದೊಂದೇ ಪ್ರಾಯೋಜಕ. ಆಮೇಲೆ ಬೇರೆಯವರೂ ಸೇರಿದರು, 2018ರ ಮಾರ್ಚಿಗೆ ತೊಷಿಬಾ ಪೂರ್ತಿ ಹಿಂದೆ ಸರಿಯಿತು. ಕಥೆಯ ನಡುವಿನ ಜಾಹೀರಾತಿನಲ್ಲಿ ಹೊಸ ಮಾದರಿಯ ಫ್ರಿಜ್ಜು, ವಾಷಿಂಗ್ ಮೆಷೀನು. ಕಥೆ ಮುಂದುವರಿದರೆ ಮತ್ತೆ ಅದೇ ಕಪ್ಪು ಫೋನು. ತಯಾರಿಕೆಯಲ್ಲೂ ಹಳೆಯದೇ ಹಿಡಿತ. ಉಳಿದ ಜಪಾನಿ ಧಾರಾವಾಹಿಗಳೆಲ್ಲ ಕಂಪ್ಯೂಟರಿಗೆ ಹೊರಳಿದ ಮೇಲೂ ಏಕೆನ್ ಸ್ಟುಡಿಯೊದವರು ಪಾರದರ್ಶಕ ಹಾಳೆಯ ಮೇಲೆ ಕೈಯಿಂದ ಬಣ್ಣ ತುಂಬುತ್ತಿದ್ದರು. ಆ ಪದ್ಧತಿಯನ್ನು ಕೈಬಿಟ್ಟದ್ದು 2013ರಲ್ಲಿ, ಎಲ್ಲರಿಗಿಂತ ಕಡೆಗೆ.

1979ರ ಸೆಪ್ಟೆಂಬರ್ 16ರ ಕಂತನ್ನು ಟೋಕಿಯೊ ವಲಯದ ಶೇಕಡ 39.4 ಮನೆಗಳು ನೋಡಿದವು. ಆ ದಾಖಲೆಯನ್ನು ಅದು ಮತ್ತೆ ಮುಟ್ಟಿಲ್ಲ. ಇಂಥ ವ್ಯಾಪ್ತಿ ಇರುವ ಕಾರ್ಯಕ್ರಮ ಗಡಿಯಾರದ ಕೆಲಸವನ್ನೂ ಮಾಡತೊಡಗುತ್ತದೆ. ಕೊನೆಯ ಹಾಡು ಬಂತೆಂದರೆ ರಜೆ ಮುಗಿಯಿತು, ನಾಳೆ ಸೋಮವಾರ. ಆಗ ಮನಸ್ಸಿಗೆ ಕವಿಯುವ ಮಂಕಿಗೆ ಜಪಾನಿನಲ್ಲಿ ‘ಸಜಾಯೆ-ಸಾನ್ ಸಿಂಡ್ರೋಮ್’ ಎಂಬ ಹೆಸರೇ ಬಿತ್ತು. ಷೇರುಪೇಟೆಯವರೂ ಸುಮ್ಮನಿರಲಿಲ್ಲ. ಧಾರಾವಾಹಿಯ ವೀಕ್ಷಕರು ಹೆಚ್ಚಿದಾಗ ಷೇರುಸೂಚ್ಯಂಕ ಇಳಿಯುತ್ತದೆ, ವೀಕ್ಷಕರು ಕಡಿಮೆಯಾದಾಗ ಏರುತ್ತದೆ ಎಂದು ದೈವಾ ಸಂಶೋಧನಾ ಸಂಸ್ಥೆಯ ವಿಶ್ಲೇಷಕರೊಬ್ಬರು 2005ರಲ್ಲಿ ಲೆಕ್ಕ ತೋರಿಸಿದರು. ಕೈಯಲ್ಲಿ ಕಾಸಿದ್ದಾಗ ಜನ ಭಾನುವಾರ ಸಂಜೆ ಹೊರಗೆ ಊಟ, ಖರೀದಿ ಎಂದು ತಿರುಗುತ್ತಾರೆ, ಇಲ್ಲದಾಗ ಮನೆಯಲ್ಲಿ ಕೂತು ಟಿವಿ ನೋಡುತ್ತಾರೆ ಎಂಬುದು ಅವರ ವಿವರಣೆ. ನಂಬುವುದು ಬಿಡುವುದು ಅವರವರಿಗೆ ಬಿಟ್ಟದ್ದು, ಆದರೆ ಲೆಕ್ಕ ಹಾಕಲು ಅವರು ಆರಿಸಿಕೊಂಡದ್ದು ಈ ಮನೆಯನ್ನು.

ಕರ್ನಾಟಕದ ಮಕ್ಕಳಿಗೆ ಜಪಾನಿನ ಮನೆಯೊಳಗು ಪರಿಚಯವಾದದ್ದು ಡೊರೆಮಾನ್ ಮತ್ತು ಶಿನ್‌ಚಾನ್ ಮೂಲಕ, ಅದೂ ಬಹುಮಟ್ಟಿಗೆ ಹಿಂದಿ ಚಾನೆಲ್ಲುಗಳಲ್ಲಿ. ಬಾಗಿಲಲ್ಲಿ ಚಪ್ಪಲಿ ಬಿಡುವುದು, ನೆಲದ ಮೇಲೆ ಕೂತು ತಿನ್ನುವುದು, ಅಂಕ ಕಡಿಮೆಯಾದರೆ ಅಮ್ಮನ ಗದರಿಕೆ ಇವೆಲ್ಲ ಇಲ್ಲಿನ ಮಕ್ಕಳಿಗೆ ಪರಕೀಯವೆನಿಸಲಿಲ್ಲ. ಶಿನ್‌ಚಾನ್‌ನ ಮಾತು ಮಿತಿಮೀರಿತೆಂದು 2008ರಲ್ಲಿ ಭಾರತದಲ್ಲಿ ಪ್ರಸಾರವೇ ಕೆಲಕಾಲ ನಿಂತಿತ್ತು. ಇವರಿಬ್ಬರಿಗಿಂತ ಹಿರಿಯಳಾದ ಸಜಾಯೆ ಇತ್ತ ಬರಲಿಲ್ಲ. ಅವಳ ಜೋಕು ಅವಳ ಬೀದಿಯಲ್ಲೇ ಅರಳುವಂಥದ್ದು ಎನ್ನುವುದು ಒಂದು ಕಾರಣವಿರಬಹುದು. ಇನ್ನೊಂದು ಕಾರಣ ಹಾಸೆಗಾವಾ ಅವರ ಬಿಗಿ ಹಿಡಿತ.

ತಮ್ಮ ಪಾತ್ರಗಳ ವಿಷಯದಲ್ಲಿ ಅವರು ಯಾರ ಮುಲಾಜಿಗೂ ಸಿಕ್ಕವರಲ್ಲ. ಬಸ್ ಕಂಪನಿಯೊಂದು ಸಜಾಯೆ, ಕತ್ಸುವೊ, ವಕಾಮೆಯರ ಮುಖಗಳನ್ನು ತನ್ನ ಬಸ್ಸುಗಳ ಮೇಲೆ ಬರೆಸಿ ಓಡಿಸುತ್ತಿತ್ತು. ಹಾಸೆಗಾವಾ ನ್ಯಾಯಾಲಯಕ್ಕೆ ಹೋದರು, 1976ರ ಮೇ ತಿಂಗಳಲ್ಲಿ ಟೋಕಿಯೊ ಜಿಲ್ಲಾ ನ್ಯಾಯಾಲಯ ಅವರ ಪರವಾಗಿ ತೀರ್ಪು ಕೊಟ್ಟಿತು. ಯಾವುದೋ ಒಂದು ನಿರ್ದಿಷ್ಟ ಚಿತ್ರವನ್ನು ನಕಲು ಮಾಡಿದ್ದಾರೆಂದು ತೋರಿಸದಿದ್ದರೂ, ನೋಡಿದ ತಕ್ಷಣ ಪಾತ್ರ ಗುರುತು ಸಿಗುವಂತಿದ್ದರೆ ಅದು ಹಕ್ಕುಸ್ವಾಮ್ಯದ ಉಲ್ಲಂಘನೆಯೇ ಎಂಬ ಆ ತೀರ್ಪು ಜಪಾನಿನ ಕಾನೂನು ವಿದ್ಯಾರ್ಥಿಗಳಿಗೆ ಇಂದಿಗೂ ಪಾಠ. ಧಾರಾವಾಹಿಯ ವಿಡಿಯೊ ಕ್ಯಾಸೆಟ್ಟು, ಡಿವಿಡಿಗಳು ಅಂಗಡಿಗೆ ಬರಲಿಲ್ಲ. ಹಳೆಯ ಕಂತುಗಳು ಇಂಟರ್ನೆಟ್ಟಿನಲ್ಲಿ ಸಿಗತೊಡಗಿದ್ದು 2018ರ ಡಿಸೆಂಬರಿನಲ್ಲಿ. ಅಲ್ಲಿಯವರೆಗೆ ಸಜಾಯೆಯನ್ನು ನೋಡಬೇಕೆಂದರೆ ಹೇಳಿದ ಹೊತ್ತಿಗೆ ಬಂದು ಟಿವಿ ಮುಂದೆ ಕೂರಬೇಕಿತ್ತು. ಭಾನುವಾರದ ಆ ಅಭ್ಯಾಸ ಇಷ್ಟು ಗಟ್ಟಿಯಾಗಿ ಬೇರೂರಿದ್ದಕ್ಕೆ ಈ ಕೊರತೆಯೂ ಕಾರಣವಾಗಿರಬೇಕು.

ಸ್ವತಃ ಹಾಸೆಗಾವಾ ಅವರಿಗೆ ಇಸೊನೊ ಮನೆಯ ಒಳ್ಳೆಯತನ ಸಾಕಾಗಿತ್ತೋ ಏನೋ. 1966ರಲ್ಲಿ ಅವರು ‘ಇಜಿವಾರು ಬಾಸಾನ್’ ಎಂಬ ಇನ್ನೊಂದು ಚಿತ್ರಮಾಲೆ ಶುರುಮಾಡಿದರು. ಅದರ ನಾಯಕಿ ಊರವರನ್ನೆಲ್ಲ ಗೋಳುಹೊಯ್ದುಕೊಳ್ಳುವ ಕಿಡಿಗೇಡಿ ಮುದುಕಿ. ಹಾಸೆಗಾವಾ ಅವರ ಸ್ವಂತ ಮನೆ ಮಾತ್ರ ಇಸೊನೊ ಮನೆಯಂತೆ ಕಾಲದ ಹೊರಗೆ ನಿಲ್ಲಲಿಲ್ಲ. ತಂಗಿ ಯೊಕೊ ಅಕ್ಕಂದಿರಿಂದ ಬೇರೆಯಾಗಿ ಹೋದರು. ಆ ಮನೆಯ ಒಳಗಿನ ಕಥೆಯನ್ನು 2008ರಲ್ಲಿ ಪುಸ್ತಕವಾಗಿ ಬರೆದರು. ಮಾಚಿಕೊ 1992ರ ಮೇ 27ರಂದು ತೀರಿಕೊಂಡರು. ಅವರ ಇಚ್ಛೆಯಂತೆ ಸಾವಿನ ಸುದ್ದಿಯನ್ನು ಸುಮಾರು ಒಂದು ತಿಂಗಳು ಹೊರಗೆ ಬಿಡಲಿಲ್ಲ. ಆ ಭಾನುವಾರಗಳಲ್ಲಿ ಧಾರಾವಾಹಿ ಎಂದಿನಂತೆ ನಡೆಯುತ್ತಿತ್ತು. ಜುಲೈನಲ್ಲಿ ಸರ್ಕಾರ ಅವರಿಗೆ ಜನತಾ ಗೌರವ ಪ್ರಶಸ್ತಿ ಕೊಟ್ಟಿತು.

ಅವರು ಬಾಳಿದ ಟೋಕಿಯೊದ ಸಕುರಾಶಿನ್ಮಾಚಿಯಲ್ಲಿ ಈಗ ಸಜಾಯೆಯ ಹೆಸರಿನ ಬೀದಿ ಇದೆ, ಅವರು ಸಂಗ್ರಹಿಸಿದ ಕಲಾಕೃತಿಗಳ ವಸ್ತುಸಂಗ್ರಹಾಲಯವಿದೆ. 2012ರಲ್ಲಿ ರೈಲು ನಿಲ್ದಾಣದ ಬಳಿ ಇಡೀ ಕುಟುಂಬದ ಕಂಚಿನ ಪ್ರತಿಮೆಗಳನ್ನು ನಿಲ್ಲಿಸಿದರು. ಕೆಲವೇ ತಿಂಗಳಲ್ಲಿ ನಾಮಿಹೇಯ ನೆತ್ತಿಯ ಆ ಒಂದೇ ಕೂದಲನ್ನು ಯಾರೋ ಕಿತ್ತರು. ಹೊಸದು ನೆಟ್ಟರೆ ಅದನ್ನೂ ಕಿತ್ತರು. ಸುದ್ದಿವಾಹಿನಿಗಳಿಗೆ ಅದು ಗಂಭೀರ ಸುದ್ದಿ.

ದನಿಗಳು ಮಾತ್ರ ವಯಸ್ಸಾಗದೆ ಉಳಿಯಲಾರವು. ನಾಮಿಹೇಗೆ ದನಿಯಾಗಿದ್ದ ಇಚಿರೊ ನಾಗಾಯಿ 2014ರ ಜನವರಿಯಲ್ಲಿ ತೀರಿಕೊಂಡರು. ಫುನೆಯ ದನಿ ಮರುವರ್ಷ ಬದಲಾಯಿತು, 2019ರಲ್ಲಿ ಮಾಸುವೊನದು. 1969ರಿಂದ ತಾರಾನಾಗಿದ್ದ ತಾಕಾಕೊ ಸಾಸುಗಾ 2023ರಲ್ಲಿ ಹೋದ ಮೇಲೆ, ಮೊದಲ ದಿನದಿಂದ ಇರುವವರು ಸಜಾಯೆಯ ದನಿ ಮಿದೊರಿ ಕಾತೊ ಒಬ್ಬರೇ. 1939ರಲ್ಲಿ ಹುಟ್ಟಿದ ಅವರು ಇಪ್ಪತ್ನಾಲ್ಕರ ಸಜಾಯೆಯಾಗಿ ಮಾತಾಡುತ್ತಾರೆ. ಕಂತಿನ ಕೊನೆಗೆ ಮೊದಲೆಲ್ಲ ಸಜಾಯೆ ತಿಂಡಿಯನ್ನು ಮೇಲಕ್ಕೆಸೆದು ಬಾಯಲ್ಲಿ ಹಿಡಿದು, ಗಂಟಲಿಗೆ ಸಿಕ್ಕಿಸಿಕೊಂಡು ಒದ್ದಾಡುತ್ತಿದ್ದಳು. ಮಕ್ಕಳು ಅದನ್ನೇ ಮಾಡಿಯಾರೆಂಬ ಆತಂಕದಿಂದ 1991ರಲ್ಲಿ ಅದನ್ನು ಬಿಟ್ಟು, ನೋಡುಗರ ಜೊತೆ ಕಲ್ಲು ಕತ್ತರಿ ಕಾಗದದ ಆಟ ಶುರುಮಾಡಿದರು. ಅವಳು ಮುಂದಿನ ವಾರ ಯಾವ ಕೈ ತೋರಿಸುತ್ತಾಳೆಂದು ಹಳೆಯ ವಾರಗಳ ಪಟ್ಟಿ ಹಿಡಿದು ಊಹಿಸುವ ದೊಡ್ಡವರೂ ಇದ್ದಾರೆ.

ಈ ಮನೆಯನ್ನು ಜನ ಎಷ್ಟು ನಿಜವೆಂದು ನಂಬಿದ್ದಾರೆಂಬುದು 2020ರ ಏಪ್ರಿಲ್ 26ರಂದು ತಿಳಿಯಿತು. ಕೊರೊನಾ ಕಾರಣ ಯಾರೂ ಮನೆಯಿಂದ ಹೊರಡಬೇಡಿ ಎಂದು ಸರ್ಕಾರ ಕೋರಿದ್ದ ಹೊತ್ತು ಅದು. ಆ ಸಂಜೆಯ ಕಥೆಯಲ್ಲಿ ಇಸೊನೊ ಕುಟುಂಬ ಸಾಲು ರಜೆಗೆ ಹೊರಗೆ ಸುತ್ತಾಡುವ ಯೋಜನೆ ಹಾಕಿ ಮೃಗಾಲಯಕ್ಕೆ ಹೊರಟಿತು. ಇಂಥ ಸಮಯದಲ್ಲಿ ತಿರುಗಾಟವೇ ಎಂದು ಕೆಲವರು ಸಿಟ್ಟಾದರು, ಕಾರ್ಟೂನಿನ ಮನೆಗೂ ಲಾಕ್‌ಡೌನ್ ಇದೆಯೇ ಎಂದು ಉಳಿದವರು ನಕ್ಕರು. ಧ್ವನಿಮುದ್ರಣ ನಡೆಸಲಾಗದೆ ಮೇ 17ರಿಂದ ಹಳೆಯ ಕಂತುಗಳನ್ನು ಹಾಕಬೇಕಾಯಿತು. ತೈಲ ಬಿಕ್ಕಟ್ಟಿನ ಪರಿಣಾಮವಾಗಿ 1975ರಲ್ಲಿ ಹಾಗೆ ಮಾಡಿದ್ದು ಬಿಟ್ಟರೆ 45 ವರ್ಷಗಳಲ್ಲಿ ಅದೇ ಮೊದಲು. ಜೂನ್ 21ರಂದು ಹೊಸ ಕಥೆಗಳು ಮರಳಿದವು.